ಮದ್ಯದ ಲಾಭ, ಮದ್ಯದ ಹಾನಿ: ಇತಿಹಾಸ ಕಲಿಸುವ ಲೆಕ್ಕ

ಪವಿತ್ರ ಕುರ್‌ಆನ್ ಮದ್ಯದಲ್ಲಿ ಪ್ರಯೋಜನವೇ ಇಲ್ಲವೆಂದು ಹೇಳುವುದಿಲ್ಲ. ಅಲ್ ಬಕರಃ ಅಧ್ಯಾಯದ 219ನೇ ವಚನವು ಮದ್ಯ ಮತ್ತು ಜೂಜಿನಿಂದ ಜನರಿಗೆ ಕೆಲವು ಲಾಭಗಳುಂಟು ಎಂಬುದನ್ನು ಒಪ್ಪಿಕೊಂಡೇ, ಅವುಗಳ ಕೆಡುಕು ಆ ಲಾಭಕ್ಕಿಂತ ದೊಡ್ಡದೆಂದು ತಿಳಿಸುತ್ತದೆ. ಅಂದರೆ ಎರಡನ್ನೂ ತಕ್ಕಡಿಯಲ್ಲಿಟ್ಟು ತೂಗುವುದನ್ನು ವಿಶ್ವಾಸಿಗಳಿಗೆ ಮೊದಲು ಕಲಿಸಲಾಯಿತು. ಲಾಭವನ್ನು ಎಣಿಸುವುದು ಸುಲಭ, ಏಕೆಂದರೆ ಅದು ಹಣದ ರೂಪದಲ್ಲಿರುತ್ತದೆ. ಹಾನಿಯಾದರೋ ಮುಚ್ಚಿದ ಬಾಗಿಲಿನ ಹಿಂದೆ, ರಾತ್ರಿಯ ರಸ್ತೆಯಲ್ಲಿ, ಹೆದರಿದ ಮಕ್ಕಳ ಮನಸ್ಸಿನಲ್ಲಿ ಸಂಭವಿಸುತ್ತದೆ. ಅದನ್ನು ಬರೆದಿಡುವವರು ವಿರಳ. ಶಿರಹಟ್ಟಿ ತಾಲ್ಲೂಕಿನ ಬೆಳ್ಳಟ್ಟಿಯಂತಹ ನಮ್ಮ ಊರುಗಳು ಕಳೆದ ಮುಕ್ಕಾಲು ಶತಮಾನದಲ್ಲಿ ಕಂಡ ಮದ್ಯನೀತಿಯನ್ನು ಈ ತಕ್ಕಡಿಯಲ್ಲಿಟ್ಟು ನೋಡುವುದು ಪ್ರಸ್ತುತ ಲೇಖನದ ಉದ್ದೇಶ.

ಮದೀನಾದಲ್ಲಿ ಬಿದ್ದ ಪೆಟ್ಟುಗಳು

ಇಸ್ಲಾಮಿನ ಆಗಮನಕ್ಕೆ ಮುನ್ನ ಅರೇಬಿಯಾದಲ್ಲಿ ಮದ್ಯವಿಲ್ಲದ ಔತಣವಿರಲಿಲ್ಲ. ಅದರ ನಿಷೇಧವೂ ಒಂದೇ ದಿನದಲ್ಲಿ ಬರಲಿಲ್ಲ. ಮೊದಲು ಲಾಭ ಹಾನಿಗಳನ್ನು ತೂಗುವ ವಚನ ಬಂತು. ಬಳಿಕ ಅಮಲಿನಲ್ಲಿ ನಮಾಝಿನ ಬಳಿಗೆ ಹೋಗಬಾರದೆಂಬ ಆಜ್ಞೆ ಬಂತು. ಕೊನೆಗೆ ಅಲ್ ಮಾಇದಃ ಅಧ್ಯಾಯದ 90 ಮತ್ತು 91ನೇ ವಚನಗಳಲ್ಲಿ ಸಂಪೂರ್ಣ ನಿಷೇಧ ಬಂತು. ಮದ್ಯವನ್ನು ಮೊದಲ ದಿನವೇ ನಿಷೇಧಿಸಿದ್ದರೆ ಜನರು ಅದನ್ನು ಎಂದೂ ಬಿಡುತ್ತಿರಲಿಲ್ಲವೆಂಬ ಅರ್ಥದ ಮಾತು ಹಝ್ರತ್ ಆಯಿಶಾ(ರ) ಅವರಿಂದ ವರದಿಯಾಗಿದೆ.

ಈ ಹಂತಗಳ ನಡುವಣ ಕಾಲದಲ್ಲಿ ನಡೆದ ಎರಡು ಘಟನೆಗಳನ್ನು ಹದೀಸ್ ಗ್ರಂಥಗಳು ಮುಚ್ಚುಮರೆಯಿಲ್ಲದೆ ದಾಖಲಿಸಿವೆ. ಅನ್ಸಾರ್ ಮತ್ತು ಮುಹಾಜಿರ್ ಗೆಳೆಯರು ಒಂದು ತೋಟದಲ್ಲಿ ಕೂಡಿ ಉಂಡು ಕುಡಿದರು. ಯಾರು ಶ್ರೇಷ್ಠರೆಂಬ ಮಾತು ಬಂತು. ಒಬ್ಬರು ಒಂಟೆಯ ದವಡೆಯ ಎಲುಬನ್ನೆತ್ತಿ ಹಝ್ರತ್ ಸಅದ್ ಬಿನ್ ಅಬೀ ವಕ್ಕಾಸ್(ರ) ಅವರ ಮೂಗಿಗೆ ಗಾಯವಾಗುವಂತೆ ಹೊಡೆದರು. ಇದು ಸ್ವಹೀಹ್ ಮುಸ್ಲಿಮ್‌ನಲ್ಲಿದೆ. ಇನ್ನೊಂದು ಸ್ವಹೀಹುಲ್ ಬುಖಾರಿಯಲ್ಲಿದೆ. ಹಝ್ರತ್ ಅಲಿ(ರ) ತಮ್ಮ ವಲೀಮಾದ ಖರ್ಚಿಗಾಗಿ ದುಡಿಯಲು ಎರಡು ಒಂಟೆಗಳನ್ನು ಸಿದ್ಧಪಡಿಸಿಕೊಂಡಿದ್ದರು. ಹಝ್ರತ್ ಹಂಝಾ(ರ) ಅಮಲಿನಲ್ಲಿ ಆ ಒಂಟೆಗಳ ಡುಬ್ಬವನ್ನು ಕತ್ತರಿಸಿದರು. ವಿಚಾರಿಸಲು ಬಂದ ಪ್ರವಾದಿಯವರಿಗೇ(ಸ) ಕಟುವಾದ ಮಾತನಾಡಿದರು. ಪ್ರವಾದಿಯವರು(ಸ) ಅವರ ಸ್ಥಿತಿಯನ್ನರಿತು ಹಿಂದಕ್ಕೆ ಸರಿದರು.

ಉಹುದ್ ರಣರಂಗದಲ್ಲಿ ಹುತಾತ್ಮರಾದ ಮಹಾಪುರುಷರ ಈ ಪ್ರಸಂಗವನ್ನು ನಾವು ಅಗೌರವಕ್ಕಾಗಿ ಸ್ಮರಿಸುತ್ತಿಲ್ಲ. ಆಗ ಮದ್ಯವಿನ್ನೂ ನಿಷಿದ್ಧವಾಗಿರಲಿಲ್ಲ. ಅಮಲು ಮನುಷ್ಯನ ಯೋಗ್ಯತೆಯನ್ನು ನೋಡಿ ಬರುವುದಿಲ್ಲ ಎಂಬುದೇ ಇಲ್ಲಿನ ಪಾಠ. ಒಳ್ಳೆಯವನೂ ಅದರ ಕೈಯಲ್ಲಿ ತನ್ನವರನ್ನೇ ನೋಯಿಸುತ್ತಾನೆ.

ನಿಷೇಧದ ವಚನವು ಕೊಡುವ ಕಾರಣಗಳ ಕ್ರಮವನ್ನು ಗಮನಿಸಬೇಕು. ಶೈತಾನನು ಮದ್ಯ ಮತ್ತು ಜೂಜಿನ ಮೂಲಕ ನಿಮ್ಮ ನಡುವೆ ವೈರ ದ್ವೇಷಗಳನ್ನು ಹುಟ್ಟಿಸಬಯಸುತ್ತಾನೆ ಎಂಬ ಕಾರಣ ಮೊದಲು ಬಂದಿದೆ. ಅಲ್ಲಾಹನ ಸ್ಮರಣೆ ಮತ್ತು ನಮಾಝಿನಿಂದ ತಡೆಯುತ್ತಾನೆ ಎಂಬ ಕಾರಣ ಅದರ ಬಳಿಕ ಬಂದಿದೆ. ಪೆಟ್ಟು ತಿಂದವರ ನೋವು ಅಲ್ಲಿ ಲೆಕ್ಕಕ್ಕೆ ಬಂತು, ಮೊದಲ ಸಾಲಿನಲ್ಲೇ ಬಂತು. ಆದ್ದರಿಂದಲೇ ಡಂಗುರದವನ ಧ್ವನಿ ಕೇಳಿದೊಡನೆ ಅಬೂ ತಲ್ಹಾ(ರ) ಅವರ ಮನೆಯಲ್ಲಿ ಮದ್ಯ ಬಡಿಸುತ್ತಿದ್ದ ತರುಣ ಅನಸ್(ರ) ಅದನ್ನು ಹೊರಗೆ ಚೆಲ್ಲಿದರು, ಮದೀನಾದ ಬೀದಿಗಳಲ್ಲಿ ಮದ್ಯ ಹರಿಯಿತು. ಮನಸ್ಸು ಸಿದ್ಧವಾಗಿತ್ತು. ಕಾನೂನು ಆ ಬಳಿಕ ಬಂತು.

ನಮ್ಮ ಸೀಮೆಯ ಪಾನನಿರೋಧ

ಈಗ ನಮ್ಮ ನೆಲಕ್ಕೆ ಬರೋಣ. ಬ್ರಿಟಿಷರ ಕಾಲದಲ್ಲಿ ಶಿರಹಟ್ಟಿ ಸೀಮೆಯು ಸಾಂಗ್ಲಿ ಸಂಸ್ಥಾನಕ್ಕೆ ಸೇರಿತ್ತು. 1948ರಲ್ಲಿ ಆ ಸಂಸ್ಥಾನವು ಬಾಂಬೆ ಪ್ರಾಂತ್ಯದಲ್ಲಿ ವಿಲೀನವಾಯಿತು. ಬಾಂಬೆ ಸರಕಾರವು 1949ರ ಕಾಯಿದೆಯಂತೆ 1950ರ ಏಪ್ರಿಲ್‌ನಿಂದ ಸಂಪೂರ್ಣ ಪಾನನಿರೋಧವನ್ನು ಜಾರಿಗೊಳಿಸಿತು. ಹೀಗೆ ಧಾರವಾಡ, ಬಿಜಾಪುರ, ಬೆಳಗಾವಿ, ಕಾರವಾರ ಜಿಲ್ಲೆಗಳಲ್ಲಿ ಹೆಂಡ, ಸಾರಾಯಿ ಅಂಗಡಿಗಳು ಮುಚ್ಚಿದವು. ಅದೇ ವರ್ಷ ಜಾರಿಗೆ ಬಂದ ಸಂವಿಧಾನದ 47ನೇ ವಿಧಿಯೂ ಪಾನನಿರೋಧವನ್ನು ಸರಕಾರದ ಗುರಿಯೆಂದು ಸಾರಿತು. 1956ರಲ್ಲಿ ಈ ಜಿಲ್ಲೆಗಳು ಮೈಸೂರು ರಾಜ್ಯಕ್ಕೆ ಸೇರಿದ ಮೇಲೂ ನಿಷೇಧ ಮುಂದುವರಿಯಿತು. 1967ರಲ್ಲಿ ಎಸ್. ನಿಜಲಿಂಗಪ್ಪನವರ ಸರಕಾರವು ಅದನ್ನು ತೆಗೆದುಹಾಕಿತು.

ಇಲ್ಲಿ ಒಂದು ಸಂಗತಿಯನ್ನು ನೆನೆಯದೆ ಮುಂದೆ ಹೋಗಲಾಗದು. 1939ರಲ್ಲಿ ಚಿತ್ರದುರ್ಗ ಜಿಲ್ಲೆಯ ತುರುವನೂರಿನಲ್ಲಿ ಸ್ವಾತಂತ್ರ್ಯ ಹೋರಾಟಗಾರರು ಹೆಂಡದ ಈಚಲು ಮರಗಳನ್ನು ಕಡಿದು ಸತ್ಯಾಗ್ರಹ ಮಾಡಿದರು. ಆ ಸತ್ಯಾಗ್ರಹಕ್ಕಾಗಿ ಸೆರೆಮನೆ ಸೇರಿ, ವಕೀಲಿ ಸನದನ್ನೂ ಕಳೆದುಕೊಂಡವರು ಇದೇ ನಿಜಲಿಂಗಪ್ಪನವರು. ಮದ್ಯದ ಮರವನ್ನು ಕಡಿದ ಕೈಯೇ ಮೂರು ದಶಕಗಳೊಳಗೆ ಮದ್ಯದ ಅಂಗಡಿಯನ್ನು ತೆರೆಯಬೇಕಾಯಿತು. ಇದನ್ನು ಒಬ್ಬ ವ್ಯಕ್ತಿಯ ದೌರ್ಬಲ್ಯವೆಂದು ತಳ್ಳಿಹಾಕುವುದು ನ್ಯಾಯವಲ್ಲ. ನಿಷೇಧವಿದ್ದಾಗಲೂ ಕಳ್ಳಭಟ್ಟಿ ನಿಂತಿರಲಿಲ್ಲ. ಬೊಕ್ಕಸಕ್ಕೆ ಬರಬೇಕಾದ ಹಣ ಕಳ್ಳರ ಕೈಸೇರುತ್ತಿದೆಯೆಂಬ ವಾದ ಬಲವಾಗಿತ್ತು. ಅಮೆರಿಕ ದೇಶವೂ 1920ರಲ್ಲಿ ತಂದ ನಿಷೇಧವನ್ನು ಇಂತಹುದೇ ಕಾರಣಗಳಿಂದ 1933ರಲ್ಲಿ ಹಿಂತೆಗೆದುಕೊಂಡಿತ್ತು.

ಆದರೆ ಅಂಗಡಿ ತೆರೆದ ಮಾತ್ರಕ್ಕೆ ಕಳ್ಳಭಟ್ಟಿಯ ಸಾವುಗಳು ನಿಂತವೇ? 1981ರ ಜುಲೈನಲ್ಲಿ ಬೆಂಗಳೂರಿನಲ್ಲಿ ವಿಷಮದ್ಯ ಕುಡಿದು ಮುನ್ನೂರಕ್ಕೂ ಹೆಚ್ಚು ಬಡವರು ಸತ್ತರು. ಆಗ ರಾಜ್ಯದಲ್ಲಿ ಪಾನನಿರೋಧವಿರಲಿಲ್ಲ. 2007ರ ಜುಲೈ 1ರಿಂದ ಸಾರಾಯಿ ಮಾರಾಟವನ್ನು ರಾಜ್ಯದಲ್ಲಿ ನಿಷೇಧಿಸಲಾಯಿತು. ಅದರ ಮರುವರ್ಷ ಮೇ ತಿಂಗಳಲ್ಲಿ ಬೆಂಗಳೂರು, ಕೋಲಾರ ಮತ್ತು ನೆರೆಯ ತಮಿಳುನಾಡಿನ ಗಡಿಭಾಗದಲ್ಲಿ ಮೆಥನಾಲ್ ಬೆರೆತ ಮದ್ಯ ನೂರಕ್ಕೂ ಹೆಚ್ಚು ಜೀವಗಳನ್ನು ಬಲಿ ತೆಗೆದುಕೊಂಡಿತು. ನಿಷೇಧದಲ್ಲೂ ಸಾವು, ಪರವಾನಗಿಯಲ್ಲೂ ಸಾವು. ಎರಡು ಕಾಲದಲ್ಲೂ ಬದಲಾಗದೆ ಉಳಿದದ್ದು ಕುಡಿಯುವ ಚಟ ಮತ್ತು ಅದರಿಂದ ಹಣ ಮಾಡುವ ಆಸೆ.

ಇಂದು ಸಾರಾಯಿಯ ಜಾಗಕ್ಕೆ ಬಾಟಲಿ ಮತ್ತು ಪೌಚ್ ಬಂದಿವೆ. 2025-26ರ ಬಜೆಟ್ಟಿನಲ್ಲಿ ರಾಜ್ಯವು ಅಬಕಾರಿ ಇಲಾಖೆಗೆ ನಿಗದಿಪಡಿಸಿದ ಆದಾಯದ ಗುರಿ 40,000 ಕೋಟಿ ರೂಪಾಯಿ. ಲಾಭದ ಲೆಕ್ಕ ಪ್ರತಿವರ್ಷ ವಿಧಾನಸಭೆಯಲ್ಲಿ ಓದಲ್ಪಡುತ್ತದೆ. ಹಾನಿಯ ಲೆಕ್ಕವನ್ನು ಓದುವವರು ಯಾರು?

ಹಾನಿಯ ಲೆಕ್ಕ ಬರೆದವರು

ಆ ಲೆಕ್ಕವನ್ನು ಮೊದಲು ಬರೆದವರು ಹೆಣ್ಣುಮಕ್ಕಳು. 1990ರ ದಶಕದ ಆರಂಭದಲ್ಲಿ ಆಂಧ್ರದ ನೆಲ್ಲೂರು ಜಿಲ್ಲೆಯ ಹಳ್ಳಿಯ ಮಹಿಳೆಯರು ಸಾರಾಯಿ ಅಂಗಡಿಗಳನ್ನು ಮುಚ್ಚಿಸಿದರು. ನಮ್ಮ ರಾಜ್ಯದಲ್ಲಿ ಮದ್ಯ ನಿಷೇಧ ಆಂದೋಲನದ ಸಾವಿರಾರು ಗ್ರಾಮೀಣ ಮಹಿಳೆಯರು 2019ರ ಜನವರಿಯಲ್ಲಿ ಚಿತ್ರದುರ್ಗದಿಂದ ಬೆಂಗಳೂರಿಗೆ ಕಾಲ್ನಡಿಗೆಯಲ್ಲಿ ನಡೆದರು. ತುರುವನೂರಿನ ಸತ್ಯಾಗ್ರಹ ನಡೆದು ಎಂಬತ್ತು ವರ್ಷಗಳ ನಂತರ ಅದೇ ಜಿಲ್ಲೆಯಿಂದ ಅದೇ ಬೇಡಿಕೆ ಮತ್ತೆ ಹೊರಟಿತು. ಮರ ಕಡಿದವರಿಗೆ ಅದು ದೇಶದ ಪ್ರಶ್ನೆಯಾಗಿತ್ತು. ನಡೆದು ಬಂದವರಿಗೆ ಅದು ಮನೆಯ ಪ್ರಶ್ನೆ, ಕೂಲಿಯ ಹಣದ ಪ್ರಶ್ನೆ, ಮೈಮೇಲಿನ ಬಾಸುಂಡೆಯ ಪ್ರಶ್ನೆ.

ಅವರ ಮಾತಿಗೆ ಅಂಕಿಗಳು ಸಾಕ್ಷಿ ನುಡಿಯುತ್ತವೆ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ, ಕುಡಿಯದ ಗಂಡಂದಿರ ಹೆಂಡತಿಯರಲ್ಲಿ ದೈಹಿಕ ಅಥವಾ ಲೈಂಗಿಕ ಹಿಂಸೆ ಅನುಭವಿಸಿದವರು ಶೇಕಡಾ 23. ಪದೇಪದೇ ಕುಡಿದು ಅಮಲೇರುವವರ ಹೆಂಡತಿಯರಲ್ಲಿ ಆ ಪ್ರಮಾಣ ಶೇಕಡಾ 70. ಅದೇ ಸಮೀಕ್ಷೆಯಲ್ಲಿ ಗಂಡನಿಂದ ಹಿಂಸೆಗೊಳಗಾದ ಮಹಿಳೆಯರ ಪ್ರಮಾಣದಲ್ಲಿ ಕರ್ನಾಟಕವು ಶೇಕಡಾ 44ರೊಂದಿಗೆ ದೇಶದಲ್ಲೇ ಮುಂದಿತ್ತು. ರಸ್ತೆಯ ಲೆಕ್ಕವೂ ಇದೆ. ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನಂತೆ 2019ರಲ್ಲಿ ಜಗತ್ತಿನಾದ್ಯಂತ ಮದ್ಯ ಸಂಬಂಧಿ ರಸ್ತೆ ಅಪಘಾತಗಳಲ್ಲಿ 2,98,000 ಜನರು ಸತ್ತರು. ಅವರಲ್ಲಿ 1,56,000 ಜನರ ಸಾವಿಗೆ ಕಾರಣ ಬೇರೊಬ್ಬರು ಕುಡಿದದ್ದು. ಕುಡಿಯುವುದು ತನ್ನ ಸ್ವಂತ ವಿಷಯವೆಂದು ವಾದಿಸುವವರಿಗೆ ಈ ಸಂಖ್ಯೆಯೇ ಉತ್ತರ. 2016ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೆದ್ದಾರಿಗಳಿಂದ 500 ಮೀಟರ್ ಒಳಗೆ ಮದ್ಯದಂಗಡಿ ಇರಬಾರದೆಂದು ಆದೇಶಿಸಿತು. ಮರುವರ್ಷ 20,000ಕ್ಕಿಂತ ಕಡಿಮೆ ಜನಸಂಖ್ಯೆಯ ಸ್ಥಳಗಳಿಗೆ ಆ ಅಂತರವನ್ನು 220 ಮೀಟರಿಗೆ ಇಳಿಸಿತು. ಹಳ್ಳಿಯವರು ಈ ನಿಯಮವನ್ನು ತಿಳಿದಿರುವುದು ಒಳ್ಳೆಯದು.

ಕುಡಿಯುವ ಎಲ್ಲರೂ ಹೊಡೆಯುವುದಿಲ್ಲ, ಹೊಡೆಯುವ ಎಲ್ಲರೂ ಕುಡಿದಿರುವುದಿಲ್ಲ. ಕುಡಿಯದ ಮನೆಗಳಲ್ಲೂ ಹಿಂಸೆಯಿದೆಯೆಂದು ಮೇಲಿನ ಶೇಕಡಾ 23 ಹೇಳುತ್ತದೆ. ಆದರೆ ಅಮಲು ಲಜ್ಜೆ ಮತ್ತು ವಿವೇಕದ ತಡೆಯನ್ನು ಕಿತ್ತೆಸೆಯುತ್ತದೆ. ಹಝ್ರತ್ ಉಸ್ಮಾನ್(ರ) ಮದ್ಯವನ್ನು ಕೆಡುಕುಗಳ ತಾಯಿಯೆಂದು ಕರೆದು ಒಂದು ಪ್ರಸಂಗವನ್ನು ಹೇಳುತ್ತಿದ್ದರು. ಕೊಲೆ, ವ್ಯಭಿಚಾರ, ಮದ್ಯ ಈ ಮೂರರಲ್ಲಿ ಒಂದನ್ನು ಆರಿಸಲೇಬೇಕಾದ ಇಕ್ಕಟ್ಟಿಗೆ ಸಿಲುಕಿದ ಭಕ್ತನೊಬ್ಬ ಮದ್ಯವೇ ಹಗುರವೆಂದು ಕುಡಿದ. ಕುಡಿದ ಮೇಲೆ ಉಳಿದೆರಡನ್ನೂ ಮಾಡಿದ. "ಕುಡಿದಿದ್ದ, ಅದಕ್ಕೇ ಹೀಗಾಯಿತು" ಎಂಬ ಸಮಾಧಾನವನ್ನು ನಮ್ಮ ದೇಶದ ದಂಡಸಂಹಿತೆಯೂ ಒಪ್ಪುವುದಿಲ್ಲ. ತಾನಾಗಿಯೇ ಕುಡಿದವನಿಗೆ ಅಮಲು ಅಪರಾಧದಿಂದ ಬಿಡುಗಡೆಯ ಕಾರಣವಾಗದು.

ನಮ್ಮ ಮನೆಗಳ ಮಾತು

ಓದುಗ ಬಾಂಧವರೇ, ಇಷ್ಟನ್ನು ಓದಿ ಇದು ನಮಗೆ ಸಂಬಂಧಿಸಿದ್ದಲ್ಲವೆಂದು ಪುಟ ಮುಚ್ಚುವುದು ಸುಲಭ. ನಮ್ಮಲ್ಲಿ ಮದ್ಯ ಹರಾಮ್, ಆದ್ದರಿಂದ ನಮ್ಮಲ್ಲಿ ಕುಡುಕರಿಲ್ಲ ಎಂಬ ಮಾತು ಸಭೆಗಳಲ್ಲಿ ಕೇಳಲು ಇಂಪಾಗಿರುತ್ತದೆ. ಆದರೆ ನಮ್ಮ ಓಣಿಗಳ ಸತ್ಯ ಅದಲ್ಲವೆಂದು ನಮಗೆಲ್ಲ ಗೊತ್ತು. ಹರಾಮ್ ಎಂಬ ಮಾತು ಕುಡಿಯುವವನನ್ನು ತಡೆಯದೆ, ಪೆಟ್ಟು ತಿನ್ನುವವಳ ಬಾಯಿಯನ್ನು ಮಾತ್ರ ಮುಚ್ಚಿಸಿದರೆ ಅದಕ್ಕಿಂತ ದೊಡ್ಡ ಅನ್ಯಾಯವಿಲ್ಲ. ಗಂಡ ಕುಡಿಯುತ್ತಾನೆಂದು ಹೇಳಿದರೆ ಮನೆತನದ ಮಾನ ಹೋಗುತ್ತದೆಯೆಂದು ಹೆದರಿ ನಮ್ಮ ಸಹೋದರಿಯರು ಸುಮ್ಮನಿರುತ್ತಾರೆ. ಮದೀನಾದಲ್ಲಿ ಪೆಟ್ಟು ತಿಂದ ಸಅದ್(ರ) ನೇರವಾಗಿ ಪ್ರವಾದಿಯವರ(ಸ) ಬಳಿಗೆ ಹೋಗಿ ಹೇಳಿಕೊಂಡರು. ಅವರಿಗೆ ಸುಮ್ಮನಿರೆಂದು ಯಾರೂ ಹೇಳಲಿಲ್ಲ. ನಮ್ಮ ಜಮಾಅತಿನಲ್ಲಿ ಆ ಬಾಗಿಲು ತೆರೆದಿದೆಯೇ ಎಂದು ನಾವು ಕೇಳಿಕೊಳ್ಳಬೇಕು.

ಮಾಡಬಹುದಾದ ಕೆಲಸಗಳು ಬಹಳವಿವೆ. ನಿಕಾಹ್‌ಗೆ ಮುನ್ನ ವರನ ಗಳಿಕೆಯನ್ನು ವಿಚಾರಿಸುವ ಹಿರಿಯರು ಅವನ ಚಟಗಳನ್ನೂ ವಿಚಾರಿಸಲಿ. ಪ್ರವಾದಿಯವರು(ಸ) ಮದ್ಯದ ವಿಷಯದಲ್ಲಿ ಕುಡಿಯುವವನೊಂದಿಗೆ ತಯಾರಿಸುವವನು, ಹೊರುವವನು, ಮಾರುವವನು, ಅದರ ಹಣ ತಿನ್ನುವವನನ್ನೂ ಶಪಿಸಿದ್ದಾರೆ. ಹಾಗಿರುವಾಗ ತನ್ನ ಮಳಿಗೆಯನ್ನು ಬಾರಿಗೆ ಬಾಡಿಗೆ ಕೊಡುವವನು ಆ ಬಾಡಿಗೆಯ ಬಗ್ಗೆ ಯೋಚಿಸಲಿ. ಜುಮಾ ಖುತ್ಬಾಗಳಲ್ಲಿ ಮದ್ಯದ ಹರಾಮನ್ನು ಹೇಳುವಷ್ಟೇ ಗಟ್ಟಿಯಾಗಿ ಹೆಂಡತಿ ಮಕ್ಕಳ ಮೇಲೆ ಕೈಯೆತ್ತುವ ಪಾಪವನ್ನೂ ಹೇಳಲಾಗಲಿ. ಗ್ರಾಮಸಭೆಯಲ್ಲಿ ಅಕ್ರಮ ಮದ್ಯ ಮಾರಾಟದ ಪ್ರಶ್ನೆ ಬಂದಾಗ ನಾವು ನೆರೆಯ ಸಮುದಾಯದವರೊಂದಿಗೆ ನಿಲ್ಲೋಣ. ಇಳಕಲ್ಲಿನ ಡಾ. ಮಹಾಂತ ಸ್ವಾಮೀಜಿಯವರು 1975ರಿಂದ ಜೋಳಿಗೆ ಹಿಡಿದು ಮನೆಮನೆಗೆ ಹೋಗಿ, ನಿಮ್ಮ ದುಶ್ಚಟಗಳನ್ನು ಇದರಲ್ಲಿ ಹಾಕಿರೆಂದು ಬೇಡಿದರು. ಅವರ ಜನ್ಮದಿನವಾದ ಆಗಸ್ಟ್ 1ನ್ನು ರಾಜ್ಯವು ವ್ಯಸನಮುಕ್ತ ದಿನವೆಂದು ಆಚರಿಸುತ್ತದೆ. ಒಳಿತಿನ ಕೆಲಸದಲ್ಲಿ ಪರಸ್ಪರ ಸಹಕರಿಸಬೇಕೆಂಬ ಕುರ್‌ಆನಿನ ಬೋಧನೆಗೆ ಇದಕ್ಕಿಂತ ಒಳ್ಳೆಯ ಸಂದರ್ಭ ಬೇಕೆ?

ಕುಡಿಯುವವನನ್ನೂ ನಾವು ಕೈಬಿಡಬಾರದು. ಚಟವು ಪಾಪವೂ ಹೌದು, ಕಾಯಿಲೆಯೂ ಹೌದು. ವರ್ಷಗಟ್ಟಲೆ ಅತಿಯಾಗಿ ಕುಡಿದವನು ಒಮ್ಮೆಲೇ ನಿಲ್ಲಿಸಿದರೆ ನಡುಕ, ಮೂರ್ಛೆ, ಪ್ರಾಣಾಪಾಯವೂ ಆಗಬಹುದು. ಆದ್ದರಿಂದ ತೌಬಾದ ಜೊತೆಗೆ ವೈದ್ಯರ ನೆರವೂ ಅಗತ್ಯ. ಗದಗಿನ ವೈದ್ಯಕೀಯ ವಿಜ್ಞಾನ ಸಂಸ್ಥೆ, ಧಾರವಾಡದ ಡಿಮ್ಹಾನ್ಸ್ ನಮಗೆ ಹತ್ತಿರದಲ್ಲಿವೆ. 14416 ಎಂಬ ಟೆಲಿ ಮಾನಸ್ ಸಂಖ್ಯೆಗೆ ಉಚಿತವಾಗಿ ಕರೆಮಾಡಿ ಕನ್ನಡದಲ್ಲೇ ಮಾತನಾಡಬಹುದು. ಹಿಂಸೆಗೆ ಸಿಲುಕಿದ ಸಹೋದರಿಯರಿಗೆ 181 ಮತ್ತು 112 ಸಂಖ್ಯೆಗಳಿವೆ, 2005ರ ಕೌಟುಂಬಿಕ ಹಿಂಸೆ ತಡೆ ಕಾಯಿದೆಯ ರಕ್ಷಣೆಯಿದೆ. ಇವುಗಳ ನೆರವು ಪಡೆಯುವುದು ಮನೆತನಕ್ಕೆ ಕಳಂಕವಲ್ಲ. ಕಳಂಕ ಹೊಡೆದವನದು.

ಸರಕಾರಗಳು ನಿಷೇಧ ತಂದವು, ತೆಗೆದವು, ಮತ್ತೆ ಒಂದಿಷ್ಟು ತಂದವು. ಮುಂದೆಯೂ ಹಾಗೆಯೇ ಆಗಬಹುದು. ಲಾಭದ ಲೆಕ್ಕವನ್ನು ಅವರು ಬರೆದುಕೊಳ್ಳುತ್ತಾರೆ. ಹಾನಿಯ ಲೆಕ್ಕವನ್ನು ನೋಡುವ, ಕೇಳುವ, ಅದಕ್ಕೆ ಉತ್ತರಿಸುವ ಹೊಣೆ ಮಾತ್ರ ಪ್ರತಿಯೊಂದು ಮನೆಯದು, ಪ್ರತಿಯೊಂದು ಜಮಾಅತಿನದು. ಅಂತ್ಯದಿನದಂದು ಆ ಲೆಕ್ಕವನ್ನೇ ನಮ್ಮಿಂದ ಕೇಳಲಾಗುವುದು. ಅಲ್ಲಾಹನು ನಮ್ಮ ಮನೆಗಳನ್ನು ಅಮಲಿನಿಂದಲೂ ಅದರ ಹಿಂಸೆಯಿಂದಲೂ ಕಾಪಾಡಲಿ, ಪೆಟ್ಟು ತಿಂದವರ ಮಾತಿಗೆ ಕಿವಿಗೊಡುವ ಮನಸ್ಸನ್ನು ನಮಗೆ ಕರುಣಿಸಲಿ. ಆಮೀನ್.