ನಾರ್ಮನ್ ಸಿಸಿಲಿಯಲ್ಲಿ ಕ್ರೈಸ್ತರು ಮತ್ತು ಮುಸ್ಲಿಮರು

ಸಿಸಿಲಿ ದ್ವೀಪವು ಇಟಲಿಯ ದಕ್ಷಿಣ ತುದಿಗೂ ಟುನೀಸಿಯಾದ ಕರಾವಳಿಗೂ ನಡುವೆ ಇದೆ. 827ರಲ್ಲಿ ಟುನೀಸಿಯಾದ ಅಗ್ಲಬಿದ್ ಅರಸರ ಸೈನ್ಯ ಮಜಾರದಲ್ಲಿ ಇಳಿದಾಗ ದ್ವೀಪ ಬೈಜಾಂಟೈನ್ ಸಾಮ್ರಾಜ್ಯದ ಭಾಗವಾಗಿತ್ತು. ಆ ದಂಡನ್ನು ನಡೆಸಿದ ಅಸದ್ ಇಬ್ನ್ ಅಲ್-ಫುರಾತ್ ವೃತ್ತಿಯಿಂದ ಖಾಜಿ, ಹೆಸರಾಂತ ಧರ್ಮಶಾಸ್ತ್ರಜ್ಞ. 831ರಲ್ಲಿ ಪಲೆರ್ಮೊ, 878ರಲ್ಲಿ ಸಿರಕ್ಯೂಸ್, 902ರಲ್ಲಿ ತಾವೊರ್ಮಿನಾ ಮುಸ್ಲಿಮರ ವಶವಾದವು. ಮುಂದಿನ ನೂರೈವತ್ತು ವರ್ಷಗಳಲ್ಲಿ ದ್ವೀಪದ ಪಶ್ಚಿಮ ಭಾಗ ಬಹುಮಟ್ಟಿಗೆ ಅರಬ್ಬಿ ಮಾತಾಡುವ ಮುಸ್ಲಿಮ್ ನಾಡಾಯಿತು. ಈಶಾನ್ಯದಲ್ಲಿ ಮಾತ್ರ ಗ್ರೀಕ್ ಕ್ರೈಸ್ತರು ಹೆಚ್ಚಿನ ಸಂಖ್ಯೆಯಲ್ಲಿ ಉಳಿದರು. ನಿಂಬೆ, ಕಿತ್ತಳೆ ಜಾತಿಯ ಹಣ್ಣುಗಳೂ ಕಬ್ಬು, ಹತ್ತಿಗಳೂ ಹೊಸ ನೀರಾವರಿಯೊಂದಿಗೆ ನೆಲೆಯಾದವು. 10ನೆಯ ಶತಮಾನದಲ್ಲಿ ಪಲೆರ್ಮೊಗೆ ಬಂದ ಪ್ರವಾಸಿ ಇಬ್ನ್ ಹೌಕಲ್ ಅಲ್ಲಿ 300ಕ್ಕೂ ಹೆಚ್ಚು ಮಸೀದಿಗಳಿವೆ ಎಂದು ಬರೆದಿದ್ದಾನೆ.

ಮುಸ್ಲಿಮ್ ಅಮೀರರ ಒಳಜಗಳದ ಲಾಭ ಪಡೆದು ಉತ್ತರ ಫ್ರಾನ್ಸಿನಿಂದ ಬಂದು ದಕ್ಷಿಣ ಇಟಲಿಯಲ್ಲಿ ನೆಲೆಸಿದ್ದ ನಾರ್ಮನ್ನರು 1061ರಲ್ಲಿ ಮೆಸ್ಸಿನಾವನ್ನು ಹಿಡಿದರು. ರಾಬರ್ಟ್ ಗಿಸ್ಕಾರ್ಡ್ ಮತ್ತು ಅವನ ತಮ್ಮ ಒಂದನೆಯ ರೋಜರ್ ಈ ದಂಡಯಾತ್ರೆಯ ನಾಯಕರು. 1072ರ ಜನವರಿಯಲ್ಲಿ ಪಲೆರ್ಮೊ ಶರಣಾಯಿತು. ಕೊನೆಯದಾಗಿ ನೋಟೊ 1091ರಲ್ಲಿ ಕೈಸೇರಿತು. ಪಲೆರ್ಮೊದ ದೊಡ್ಡ ಮಸೀದಿ ಇಗರ್ಜಿಯಾಯಿತು. ಆದರೆ ತಮ್ಮ ಧರ್ಮ, ತಮ್ಮ ಖಾಜಿ, ತಮ್ಮ ಕಾನೂನು ಉಳಿಸಿಕೊಳ್ಳುವ ಹಕ್ಕು ಊರಿನ ಮುಸ್ಲಿಮರಿಗೆ ಸಿಕ್ಕಿತು. ಅದಕ್ಕೆ ಪ್ರತಿಯಾಗಿ ಅವರು ತೆರಬೇಕಾಗಿದ್ದುದು ಜಜಿಯಾ. ಮುಸ್ಲಿಮ್ ಆಡಳಿತದಲ್ಲಿ ಕ್ರೈಸ್ತರು ಮತ್ತು ಯಹೂದಿಗಳು ಕೊಡುತ್ತಿದ್ದ ತಲೆಗಂದಾಯವನ್ನು ಹೊಸ ದೊರೆಗಳು ಹೆಸರನ್ನೂ ಬದಲಿಸದೆ ಮುಸ್ಲಿಮರ ಮೇಲೆ ಹೊರಿಸಿದರು.

ನಾರ್ಮನ್ನರ ಸಂಖ್ಯೆ ತೀರ ಚಿಕ್ಕದು. ಹೊಲ ಉಳುವವರು, ಕಂದಾಯದ ಲೆಕ್ಕ ಬಲ್ಲವರು, ದಂಡಿಗೆ ಬೇಕಾದ ಕಾಲಾಳುಗಳು ಎಲ್ಲರೂ ಮುಸ್ಲಿಮರಲ್ಲಿದ್ದರು. 1098ರಲ್ಲಿ ಕಾಪುವಾ ನಗರದ ಮುತ್ತಿಗೆಗೆ ರೋಜರ್ ತನ್ನ ಮುಸ್ಲಿಮ್ ಸೈನಿಕರನ್ನು ಕರೆದೊಯ್ದಿದ್ದ. ಆ ಪಾಳೆಯಕ್ಕೆ ಬಂದಿದ್ದ ಕ್ಯಾಂಟರ್‌ಬರಿಯ ಆರ್ಚ್‌ಬಿಷಪ್ ಆನ್ಸೆಲ್ಮನನ್ನು ಅವರು ಗೌರವದಿಂದ ಕಂಡರೆಂದೂ, ಅವರಲ್ಲಿ ಯಾರೂ ಕ್ರೈಸ್ತರಾಗುವುದನ್ನು ರೋಜರ್ ಸಹಿಸುತ್ತಿರಲಿಲ್ಲವೆಂದೂ ಆನ್ಸೆಲ್ಮನ ಚರಿತ್ರೆ ಬರೆದ ಈಡ್ಮರ್ ದಾಖಲಿಸಿದ್ದಾನೆ. ಸಿಸಿಲಿಯ ಮುಂದಿನ ಇತಿಹಾಸಕ್ಕೆ ಬೇಕಾದ ಸುಳಿವು ಈ ಮಾತಿನಲ್ಲೇ ಇದೆ. ಮುಸ್ಲಿಮರಿಗೆ ದೊರೆತ ರಕ್ಷಣೆ ರಾಜನ ಅಗತ್ಯದಿಂದ ಹುಟ್ಟಿದ್ದು. ಅದನ್ನು ಸಹಿಷ್ಣುತೆ ಎಂದಷ್ಟೇ ಕರೆದರೆ ಅದು ಯಾವುದರ ಮೇಲೆ ನಿಂತಿತ್ತು ಎಂಬುದು ಮರೆಯಾಗುತ್ತದೆ.

1130ರ ಕ್ರಿಸ್‌ಮಸ್ ದಿನ ಪಲೆರ್ಮೊದಲ್ಲಿ ಪಟ್ಟವೇರಿದ, ಒಂದನೆಯ ರೋಜರನ ಮಗ ಎರಡನೆಯ ರೋಜರನ ಕಾಲದಲ್ಲಿ ಅರಮನೆಯ ಅರಬ್ಬಿ ಮುಖ ಪೂರ್ಣವಾಗಿ ಅರಳಿತು. ಅವನ ಬಂಗಾರದ ನಾಣ್ಯಗಳಲ್ಲಿ ಅರಬ್ಬಿ ಅಕ್ಷರಗಳಿದ್ದವು. ದಿವಾನ್ ಎಂದೇ ಕರೆಯುತ್ತಿದ್ದ ಕಂದಾಯ ಕಚೇರಿ ಅರಬ್ಬಿಯಲ್ಲೂ ಗ್ರೀಕಿನಲ್ಲೂ ದಾನಪತ್ರ ಬರೆಯುತ್ತಿತ್ತು. ಇದೆಲ್ಲ ಹಳೆಯ ಅಮೀರರ ಆಡಳಿತದ ಮುಂದುವರಿಕೆ ಎಂದು ಬಹುಕಾಲ ನಂಬಲಾಗಿತ್ತು. ಉಳಿದ ದಾಖಲೆಗಳನ್ನು ಪರಿಶೀಲಿಸಿದ ಇತಿಹಾಸಕಾರ ಜೆರೆಮಿ ಜಾನ್ಸ್ ಬೇರೆಯೇ ಚಿತ್ರ ಕೊಟ್ಟಿದ್ದಾರೆ. 12ನೆಯ ಶತಮಾನದ ಆರಂಭದ ದಶಕಗಳಲ್ಲಿ ಸಿಸಿಲಿಯ ಆಡಳಿತದಲ್ಲಿ ಅರಬ್ಬಿ ಬಹುತೇಕ ಮರೆಯಾಗಿತ್ತು. ರೋಜರ್ ರಾಜನಾದ ಮೇಲೆ ಈಜಿಪ್ಟಿನ ಫಾತಿಮಿದ್ ಆಸ್ಥಾನದ ಮಾದರಿಯಲ್ಲಿ ಅರಬ್ಬಿ ಆಡಳಿತವನ್ನು ಮತ್ತೆ ಕಟ್ಟಲಾಯಿತು. ಅಂದರೆ ಹೊಸದಾಗಿ ಕಿರೀಟ ಧರಿಸಿದ ದೊರೆ ತನ್ನ ಸಾಮಂತರಿಗೂ ನೆರೆಯ ಅರಸರಿಗೂ ವೈಭವ ತೋರಿಸಲು ಮೆಡಿಟರೇನಿಯನ್ ಕಡಲಿನ ಅತ್ಯಂತ ಶ್ರೀಮಂತ ಆಸ್ಥಾನವೊಂದರ ರೀತಿಯನ್ನು ಆರಿಸಿಕೊಂಡ. ಈ ವಾದ ಒಪ್ಪುವಂಥದ್ದು, ಏಕೆಂದರೆ ಉಳಿದ ಕುರುಹುಗಳೂ ಅತ್ತಲೇ ಬೆರಳು ತೋರುತ್ತವೆ.

ಈಗ ವಿಯೆನ್ನಾದಲ್ಲಿರುವ ರೋಜರನ ಕೆಂಪು ರೇಷ್ಮೆ ನಿಲುವಂಗಿಯ ಮೇಲೆ ಒಂಟೆಗಳ ಮೇಲೆರಗಿದ ಸಿಂಹಗಳಿವೆ. ಅಂಚಿನುದ್ದಕ್ಕೂ ಕೂಫಿ ಲಿಪಿಯ ಅರಬ್ಬಿ ಬರಹದ ಕಸೂತಿಯಿದೆ. ಅದರಲ್ಲಿ ನಮೂದಾಗಿರುವ ವರ್ಷ ಹಿಜರಿ 528, ಅಂದರೆ 1133-34. ಹಾಗಾಗಿ ಇದು ಪಟ್ಟಾಭಿಷೇಕದ ಉಡುಪು ಎಂಬ ಜನಪ್ರಿಯ ಮಾತು ನಿಲ್ಲುವುದಿಲ್ಲ. 1140ರಲ್ಲಿ ಪ್ರತಿಷ್ಠೆಯಾದ ಅರಮನೆಯ ಇಗರ್ಜಿಯಲ್ಲಿ ಗೋಡೆಗೆ ಬೈಜಾಂಟೈನ್ ಶೈಲಿಯ ಮೊಸಾಯಿಕ್, ಮೇಲ್ಛಾವಣಿಗೆ ಜೇನುಗೂಡಿನಂತೆ ಕೊರೆದ ಮುಕರ್ನಸ್. ಅದರ ಮರದ ಹಲಗೆಗಳಲ್ಲಿ ವಾದ್ಯ ನುಡಿಸುವವರೂ ಪಾನಗೋಷ್ಠಿಯ ದೃಶ್ಯಗಳೂ ಚಿತ್ರಿತವಾಗಿವೆ. ಅಲ್-ಇದ್ರೀಸಿ ಎಂಬ ಭೂಗೋಳಜ್ಞ ಸುಮಾರು 15 ವರ್ಷ ಇದೇ ಆಸ್ಥಾನದಲ್ಲಿ ದುಡಿದು, ಜನವಸತಿಯ ಜಗತ್ತನ್ನು 70 ಭಾಗಗಳಾಗಿ ವಿಂಗಡಿಸಿ ನಕ್ಷೆಗಳ ಸಮೇತ ಅರಬ್ಬಿಯಲ್ಲಿ ಬೃಹತ್ ಗ್ರಂಥ ರಚಿಸಿದ. 1154ರ ಜನವರಿಯಲ್ಲಿ ಅದು ಮುಗಿದ ಮರುತಿಂಗಳೇ ರೋಜರ್ ತೀರಿಕೊಂಡ.

ಇವೆಲ್ಲಕ್ಕಿಂತ ಹೆಚ್ಚು ಹೇಳುವುದು ಒಂದು ಸಣ್ಣ ಸಮಾಧಿಫಲಕ. ರೋಜರನ ಆಸ್ಥಾನದ ಪಾದ್ರಿ ಗ್ರಿಸಾಂಡಸ್ 1148ರಲ್ಲಿ ತೀರಿಕೊಂಡ ತನ್ನ ತಾಯಿ ಅನ್ನಾಳಿಗಾಗಿ ಅದನ್ನು ಕೆತ್ತಿಸಿದ. ಲ್ಯಾಟಿನ್, ಗ್ರೀಕ್, ಅರಬ್ಬಿ, ಹೀಬ್ರೂ ಲಿಪಿಯಲ್ಲಿ ಬರೆದ ಅರಬ್ಬಿ ಹೀಗೆ ನಾಲ್ಕು ಬರಹಗಳು ಅದರಲ್ಲಿವೆ. ಸಾವಿನ ದಿನವನ್ನು ಆಯಾ ಸಮುದಾಯದ ಕಾಲಗಣನೆಯಲ್ಲೇ ಕೊಡಲಾಗಿದೆ. ಸತ್ತವಳು ಕ್ರೈಸ್ತಳು, ಕೆತ್ತಿಸಿದವನು ಪಾದ್ರಿ. ಆದರೂ ಊರಿನ ಎಲ್ಲರೂ ಓದಲಿ ಎಂಬ ಆಸೆ ಅವನಿಗಿದ್ದಿರಬೇಕು. ಅರಮನೆಯ ರೀತಿ ಅಲ್ಲಿನ ನೌಕರನ ಮನೆಯ ಶೋಕಕ್ಕೂ ಇಳಿದುಬಂದಿತ್ತು.

ಈ ವ್ಯವಸ್ಥೆಯ ಗಡಿ ಎಲ್ಲಿತ್ತೆಂಬುದು 1153ರಲ್ಲಿ ಕಂಡಿತು. ಮಹ್ದಿಯದ ಫಿಲಿಪ್ ಅರಮನೆಯ ಖೋಜಾ, ಹೊರನೋಟಕ್ಕೆ ಕ್ರೈಸ್ತ, ನೌಕಾಪಡೆಯ ನಾಯಕ. ಆಫ್ರಿಕದ ಬೋನಾ ಪಟ್ಟಣವನ್ನು ಗೆದ್ದು ಮರಳಿದ ಅವನ ಮೇಲೆ ಗುಟ್ಟಾಗಿ ಇಸ್ಲಾಂ ಆಚರಿಸಿದ ಆರೋಪ ಹೊರಿಸಿ ಸುಟ್ಟು ಕೊಂದರು. 1161ರಲ್ಲಿ ಸಾಮಂತರು ರೋಜರನ ಮಗ, ರಾಜ ಒಂದನೆಯ ವಿಲಿಯಂನನ್ನು ಅವನ ಅರಮನೆಯಲ್ಲೇ ಸೆರೆಹಿಡಿದಾಗ ಪಲೆರ್ಮೊದಲ್ಲಿ ಮುಸ್ಲಿಮರ ಕೊಲೆಗಳಾದವು. ಪೂರ್ವ ಸಿಸಿಲಿಯಲ್ಲಿ, ಉತ್ತರ ಇಟಲಿಯಿಂದ ಬಂದು ನೆಲೆಸಿದ್ದ ವಲಸಿಗರು ಮುಸ್ಲಿಮ್ ಹಳ್ಳಿಗಳ ಮೇಲೆ ಬಿದ್ದರು. ರಾಜ ಸೆರೆಯಾದ ಕೂಡಲೇ ರಕ್ಷಣೆಯೂ ಇಲ್ಲವಾಗಿತ್ತು.

1184ರ ಡಿಸೆಂಬರಿನಲ್ಲಿ ಹಜ್ ಮುಗಿಸಿ ಮರಳುತ್ತಿದ್ದ ಗ್ರಾನಡಾದ ಇಬ್ನ್ ಜುಬೈರ್ ಪಯಣಿಸುತ್ತಿದ್ದ ಹಡಗು ಮೆಸ್ಸಿನಾದ ಬಳಿ ಒಡೆಯಿತು. ದಡ ಸೇರಿಸಲು ದೋಣಿಯವರು ಕೇಳಿದ ಹಣ ಕೊಡಲಾರದ ಬಡ ಮುಸ್ಲಿಮರ ಪರವಾಗಿ ಆಗಿನ ರಾಜ ಎರಡನೆಯ ವಿಲಿಯಂ ತಾನೇ ಕೊಡಿಸಿದನೆಂದು ಅವನು ಬರೆದಿದ್ದಾನೆ. ಈ ರಾಜ ಅರಬ್ಬಿ ಓದಿ ಬರೆಯಬಲ್ಲವನಾಗಿದ್ದ. ಪಲೆರ್ಮೊದಲ್ಲಿ ಹಬ್ಬದ ದಿನ ಕ್ರೈಸ್ತ ಹೆಂಗಸರು ಮುಸ್ಲಿಮ್ ಹೆಂಗಸರಂತೆಯೇ ಉಟ್ಟು ಇಗರ್ಜಿಗೆ ಹೋಗುವುದನ್ನೂ ಇಬ್ನ್ ಜುಬೈರ್ ಕಂಡ. ಅದೇ ಪುಟಗಳಲ್ಲಿ ಭಯವೂ ಇದೆ. ಶುಕ್ರವಾರದ ಖುತ್ಬಾ ಪ್ರವಚನಕ್ಕೆ ಅಲ್ಲಿ ಅವಕಾಶವಿರಲಿಲ್ಲ. ಮನೆಯಲ್ಲಿ ಜಗಳವಾಡಿದ ಮಗ ಇಗರ್ಜಿಗೆ ಓಡಿ ಕ್ರೈಸ್ತನಾಗಿಬಿಟ್ಟಾನು ಎಂದು ಹೆತ್ತವರು ಹೆದರುತ್ತಿದ್ದರು. ಒಬ್ಬ ತಂದೆ ತನ್ನ ಮಗಳನ್ನು ಮುಸ್ಲಿಮ್ ನಾಡಿಗೆ ಒಯ್ದುಬಿಡಿ ಎಂದು ಯಾತ್ರಿಕರನ್ನು ಬೇಡಿಕೊಂಡ. ರಾಜನನ್ನು ಹೊಗಳುವ ಸಾಕ್ಷಿಯೇ ಜನರ ದಿಗಿಲನ್ನೂ ಹೇಳುತ್ತಿರುವುದರಿಂದ ಎರಡನ್ನೂ ನಂಬಬೇಕಾಗುತ್ತದೆ.

ಹಳ್ಳಿಗಳ ಸ್ಥಿತಿ ಇನ್ನೂ ಕಠಿಣವಾಗಿತ್ತು. ಪಲೆರ್ಮೊದ ನೈಋತ್ಯದ ವಿಶಾಲ ಭೂಮಿಯನ್ನು ಎರಡನೆಯ ವಿಲಿಯಂ ತಾನೇ ಕಟ್ಟಿಸಿದ ಮೊನ್ರಿಯಾಲೆ ಮಠಕ್ಕೆ ದಾನವಿತ್ತ. 1178ರಿಂದ 1183ರವರೆಗೆ ಬರೆದ ಒಕ್ಕಲುಪಟ್ಟಿಗಳಲ್ಲಿ ಆ ಭೂಮಿಯ ಮುಸ್ಲಿಮ್ ರೈತರ ಹೆಸರುಗಳು ಸಾಲುಸಾಲಾಗಿವೆ. ನಿನ್ನೆಯವರೆಗೆ ರಾಜನ ಒಕ್ಕಲಾಗಿದ್ದವರು ಈಗ ಕ್ರೈಸ್ತ ಮಠದ ಒಕ್ಕಲಾದರು. ಪಟ್ಟಿಯಲ್ಲಿ ಹೆಸರಿದ್ದವನು ಭೂಮಿ ಬಿಟ್ಟು ಹೋಗುವಂತಿರಲಿಲ್ಲ. 1189ರಲ್ಲಿ ವಿಲಿಯಂ ಮಕ್ಕಳಿಲ್ಲದೆ ತೀರಿಕೊಂಡಾಗ ಪಲೆರ್ಮೊದಲ್ಲಿ ಮತ್ತೆ ಗಲಭೆಯೆದ್ದಿತು. ಬದುಕುಳಿದ ಮುಸ್ಲಿಮರು ಬೆಟ್ಟದ ಕೋಟೆಗಳನ್ನು ಸೇರಿ ಮೂರು ದಶಕ ಬಹುಪಾಲು ಸ್ವತಂತ್ರರಾಗಿ ಬಾಳಿದರು.

1220ರ ದಶಕದಲ್ಲಿ, ಸಿಸಿಲಿಯ ರಾಜನೂ ಆಗಿದ್ದ ಪವಿತ್ರ ರೋಮನ್ ಸಾಮ್ರಾಟ ಎರಡನೆಯ ಫ್ರೆಡರಿಕ್ ಅವರ ಮೇಲೆ ಯುದ್ಧ ಸಾರಿ, ನಾಯಕ ಇಬ್ನ್ ಅಬ್ಬಾದ್‌ನನ್ನು ಕೊಲ್ಲಿಸಿದ. ಅರಬ್ಬಿ ವಿದ್ವಾಂಸರೊಂದಿಗೆ ತತ್ತ್ವದ ಪ್ರಶ್ನೆಗಳನ್ನು ಚರ್ಚಿಸಿದ, 1229ರಲ್ಲಿ ಈಜಿಪ್ಟಿನ ಸುಲ್ತಾನ ಅಲ್-ಕಾಮಿಲ್ ಜೊತೆ ಒಪ್ಪಂದ ಮಾಡಿಕೊಂಡು ಯುದ್ಧವಿಲ್ಲದೆ ಜೆರುಸಲೇಮನ್ನು ಪಡೆದ ದೊರೆಯೇ ಈತ. ಸಿಸಿಲಿಯ ಮುಸ್ಲಿಮರನ್ನು ಅವನು ಇಟಲಿಯ ಅಪುಲಿಯಾ ಪ್ರಾಂತದ ಲುಚೆರಾ ಪಟ್ಟಣಕ್ಕೆ ಸಾಗಿಸಿದ. 1240ರ ದಶಕದಲ್ಲಿ ಮತ್ತೊಂದು ದಂಗೆ ಅಡಗಿದ ಮೇಲೆ ಉಳಿದವರೂ ಅಲ್ಲಿಗೇ ಹೋಗಬೇಕಾಯಿತು. ಲುಚೆರಾದಲ್ಲಿ ಅವರಿಗೆ ಮಸೀದಿಯಿತ್ತು, ಜಜಿಯಾ ಇತ್ತು. ಬಿಲ್ಲುಗಾರರಾಗಿ ಅವರು ಫ್ರೆಡರಿಕ್‌ನ ಯುದ್ಧಗಳಲ್ಲಿ ಹೋರಾಡಿದರು. ಸುತ್ತಲೂ ಕ್ರೈಸ್ತರೇ ಇದ್ದ ಈ ಸೈನಿಕರು ರಾಜನನ್ನೇ ನಂಬಿ ಬದುಕಬೇಕಿತ್ತು. ಫ್ರೆಡರಿಕ್‌ನ ವಂಶ ಅಳಿದ ಬಳಿಕ ಅಧಿಕಾರ ಆಂಜೂ ವಂಶಕ್ಕೆ ಹೋಯಿತು. 1300ರ ಆಗಸ್ಟ್‌ನಲ್ಲಿ, ಸಾಲದಲ್ಲಿ ಮುಳುಗಿದ್ದ ಆ ವಂಶದ ರಾಜ ಎರಡನೆಯ ಚಾರ್ಲ್ಸ್ ವಸಾಹತನ್ನು ಕಿತ್ತುಹಾಕಿ, ನಿವಾಸಿಗಳನ್ನು ಗುಲಾಮರಾಗಿ ಮಾರಿಸಿ, ಅವರ ಆಸ್ತಿಯನ್ನು ಖಜಾನೆಗೆ ಸೇರಿಸಿದ. ಪಟ್ಟಣಕ್ಕೆ ಸಂತ ಮರಿಯಳ ಹೆಸರಿಟ್ಟು, ಅಲ್ಲಿ ಹೊಸ ಕತೀಡ್ರಲ್ ಕಟ್ಟಿಸಿ, ಕ್ರೈಸ್ತ ಕುಟುಂಬಗಳನ್ನು ತಂದು ನೆಲೆಗೊಳಿಸಲಾಯಿತು.