ದರೋಜಿ ಈರಮ್ಮ

ದರೋಜಿ ಈರಮ್ಮ (1930–2014) ಬಳ್ಳಾರಿ ಜಿಲ್ಲೆಯ ಬುರ್ರಕಥೆ ಕಲಾವಿದೆ. ಬುರ್ರಕಥಾ ಈರಮ್ಮ ಎಂಬ ಹೆಸರಿನಿಂದಲೂ ಪ್ರಸಿದ್ಧರು. ಊರು ಸಂಡೂರು ತಾಲ್ಲೂಕಿನ ದರೋಜಿ. ಓದುಬರಹ ಕಲಿಯದ ಇವರು ಹನ್ನೆರಡು ದೀರ್ಘ ಕಥನಕಾವ್ಯಗಳನ್ನು ನೆನಪಿನಿಂದಲೇ ಹಾಡುತ್ತಿದ್ದರು. 1999ರಲ್ಲಿ ರಾಜ್ಯೋತ್ಸವ ಪ್ರಶಸ್ತಿಯೂ 2003ರಲ್ಲಿ ಹಂಪಿಯ ಕನ್ನಡ ವಿಶ್ವವಿದ್ಯಾಲಯದ ನಾಡೋಜ ಗೌರವವೂ ಸಂದವು.

ಹಿನ್ನೆಲೆ

ಈರಮ್ಮ ಹುಟ್ಟಿದ್ದು ಬುಡ್ಗ ಜಂಗಮ ಸಮುದಾಯದಲ್ಲಿ. ಪರಿಶಿಷ್ಟ ಜಾತಿಗೆ ಸೇರಿದ ಈ ಅರೆ ಅಲೆಮಾರಿ ಸಮುದಾಯದ ಮನೆಮಾತು ತೆಲುಗು, ಸುತ್ತಣ ಬದುಕಿನ ಮಾತು ಕನ್ನಡ. ಗಂಡಸರು ಹಗಲುವೇಷ ಹಾಕುವುದು, ಹೆಂಗಸರು ಕಥೆ ಹಾಡುವುದು ಇವರ ಕುಲವೃತ್ತಿಗಳಲ್ಲಿ ಮುಖ್ಯವಾದವು. ಊರಿಂದೂರಿಗೆ ಹೋಗಿ ಕಥೆ ಹೇಳಿ, ಕೇಳಿದವರು ಕೊಟ್ಟ ಕಾಳುಕಡಿಯನ್ನು ಪಡೆದು ಬದುಕುವುದು ವಾಡಿಕೆಯಾಗಿತ್ತು. ಈರಮ್ಮ ಎಳೆವಯಸ್ಸಿನಲ್ಲಿಯೇ ತಂದೆಯಿಂದ ಕಥೆಗಳನ್ನು ಕಲಿತರು. ಹಾಡಿಗೆ ಮೇಳವಾಗಿ ನಿಲ್ಲುತ್ತಿದ್ದವರು ಮನೆತನದ ಹೆಣ್ಣುಮಕ್ಕಳೇ.

ದರೋಜಿಯ ಸೀಮೆ ಎರಡು ಭಾಷೆಗಳು ಬೆರೆತ ನೆಲ. ಬಳ್ಳಾರಿ ಪ್ರದೇಶ ಮದರಾಸು ಪ್ರಾಂತಕ್ಕೆ ಸೇರಿತ್ತು. ಘೋರ್ಪಡೆ ಮನೆತನದ ಸಂಡೂರು ಸಂಸ್ಥಾನ 1949ರಲ್ಲಿ ಆ ಪ್ರಾಂತದಲ್ಲಿ ವಿಲೀನವಾಯಿತು. 1953ರ ಅಕ್ಟೋಬರ್ 1ರಂದು ಬಳ್ಳಾರಿ, ಸಂಡೂರು ಎರಡೂ ಮೈಸೂರು ರಾಜ್ಯಕ್ಕೆ ಬಂದವು. ಆಡಳಿತದ ಗಡಿ ಹೀಗೆ ಬದಲಾದರೂ ಕಥೆ ಕೇಳುವ ಜನ ಎರಡೂ ಭಾಷೆ ಬಲ್ಲವರಾಗಿಯೇ ಉಳಿದರು. ಈರಮ್ಮನವರ ಕನ್ನಡ ಕಾವ್ಯಗಳ ನಡುವೆ ತೆಲುಗು ನುಡಿಗಟ್ಟು ಸಲೀಸಾಗಿ ಬರುವುದಕ್ಕೆ ಇದು ಕಾರಣವಿರಬಹುದು.

ಬುರ್ರಕಥೆಯ ಸ್ವರೂಪ

ಬುರ್ರ ಎಂದರೆ ತೆಲುಗಿನಲ್ಲಿ ಬುರುಡೆ. ತಂಬೂರಿಯ ಬುರುಡೆಯಿಂದ ಈ ಹೆಸರು ಬಂದಿತೆಂಬುದು ಒಂದು ವಿವರಣೆ, ಜೊತೆಗೆ ನುಡಿಸುವ ಚರ್ಮವಾದ್ಯದಿಂದ ಬಂದಿತೆಂಬುದು ಇನ್ನೊಂದು. ಸಾಮಾನ್ಯವಾಗಿ ಮೇಳದಲ್ಲಿ ಮೂವರಿರುತ್ತಾರೆ. ನಡುವೆ ನಿಂತ ಮುಖ್ಯ ಕಥೆಗಾರ ತಂಬೂರಿ ಹಿಡಿದು, ಬೆರಳಿಗೆ ತೊಟ್ಟ ಪೊಳ್ಳು ಲೋಹದ ಉಂಗುರದಿಂದ ತಾಳ ಹಾಕುತ್ತಾ ಕಥೆ ನಡೆಸುತ್ತಾನೆ. ಅಕ್ಕಪಕ್ಕದ ಇಬ್ಬರು ವಾದ್ಯ ನುಡಿಸುತ್ತಾ ಪಲ್ಲವಿ ಎತ್ತಿಕೊಳ್ಳುತ್ತಾರೆ, ಹೂಂಗುಟ್ಟುತ್ತಾರೆ, ನಡುನಡುವೆ ಪ್ರಶ್ನೆ ಕೇಳಿ ನಗಿಸುತ್ತಾರೆ. ಹಾಡು ಮಾತಾಗುತ್ತದೆ, ಮಾತು ಮತ್ತೆ ಹಾಡಾಗುತ್ತದೆ. ಒಂದೇ ಕಥೆ ಹಲವು ರಾತ್ರಿ ನಡೆಯುವುದುಂಟು.

ಆಂಧ್ರದಲ್ಲಿ 1940ರ ದಶಕದಿಂದ ಪ್ರಜಾನಾಟ್ಯಮಂಡಲಿ ಎಂಬ ರಂಗಸಂಘಟನೆ ಈ ಪ್ರಕಾರವನ್ನು ರಾಜಕೀಯ ಪ್ರಚಾರಕ್ಕೆ ಬಳಸಿತು. ಅಲ್ಲಿನ ಬುರ್ರಕಥೆ ಕಲಾವಿದ ಶೇಕ್ ನಾಜರ್ 1986ರಲ್ಲಿ ಪದ್ಮಶ್ರೀ ಪಡೆದರು. ಬಳ್ಳಾರಿ ಸೀಮೆಯ ಬುಡ್ಗ ಜಂಗಮರ ಪರಂಪರೆ ಇದಕ್ಕಿಂತ ಬೇರೆ. ಅದು ವೇದಿಕೆಗಿಂತ ಊರಿನ ಕಟ್ಟೆ, ಅಂಗಳಗಳನ್ನು ನೆಚ್ಚಿದ್ದು. ಅಲ್ಲಿ ಹೆಂಗಸರೇ ಮುಖ್ಯ ಕಥೆಗಾರರಾಗುವುದು ಗಮನಾರ್ಹ.

ಹಾಡಿದ ಕಾವ್ಯಗಳು

ಕುಮಾರರಾಮ, ಬಾಲನಾಗಮ್ಮ, ಬಬ್ಬುಲಿ ನಾಗಿರೆಡ್ಡಿ ಮತ್ತು ಜಯಸಿಂಗರಾಜನ ಕಾವ್ಯಗಳು ಈರಮ್ಮನವರ ಭಂಡಾರದಲ್ಲಿ ಹೆಚ್ಚು ಹೆಸರಾದವು. ಬಾಲನಾಗಮ್ಮ ತೆಲುಗು, ಕನ್ನಡ ಎರಡೂ ಕಡೆ ಜನಪ್ರಿಯವಾದ ಮಾಯಾಕಥೆ. ಮಾಯಲ ಫಕೀರ ನಾಗಮ್ಮನನ್ನು ನಾಯಿಯಾಗಿಸಿ ಹೊತ್ತೊಯ್ಯುತ್ತಾನೆ. ಮುಂದೆ ಅವಳ ಮಗ ಏಳು ಸಮುದ್ರದಾಚೆಯ ಗಿಳಿಯೊಂದರಲ್ಲಿ ಅಡಗಿರುವ ಫಕೀರನ ಜೀವವನ್ನು ಹುಡುಕಿ ತೆಗೆಯುತ್ತಾನೆ. ಇದೇ ಕಥೆಯ ಮೇಲೆ 1942ರಲ್ಲಿ ತೆಲುಗು ಚಿತ್ರವೂ 1966ರಲ್ಲಿ ರಾಜ್‌ಕುಮಾರ್ ಅಭಿನಯದ ಕನ್ನಡ ಚಿತ್ರವೂ ಬಂದವು.

ಕುಮಾರರಾಮನ ಕಥೆ ಮತ್ತು ಅದರ ನೆಲ

ಈರಮ್ಮನವರ ಕಾವ್ಯಗಳಲ್ಲಿ ಚರಿತ್ರೆಯ ದೃಷ್ಟಿಯಿಂದ ಹೆಚ್ಚಿನ ಮಹತ್ವ ಕುಮಾರರಾಮನದಕ್ಕೆ ಸಲ್ಲುತ್ತದೆ. ಆ ಕಥೆ ನಡೆದ ಸೀಮೆ ಅವರು ಹಾಡಿದ ಸೀಮೆಯೇ.

ಮುಮ್ಮಡಿ ಸಿಂಗೆಯನಾಯಕನ ಮಗ ಕಂಪಿಲರಾಯ 14ನೆಯ ಶತಮಾನದ ಆರಂಭದಲ್ಲಿ ತುಂಗಭದ್ರೆಯ ಎರಡೂ ದಡಗಳಲ್ಲಿ ಆಳಿದವನು. ಇಂದಿನ ಕಂಪ್ಲಿ, ಗಂಗಾವತಿ ಬಳಿಯ ಕುಮ್ಮಟದುರ್ಗ, ಹೊಸಮಲೆದುರ್ಗ ಅವನ ನೆಲೆಗಳು. ಹಂಪಿಯ ಹೇಮಕೂಟದ ಮೇಲಿರುವ ತ್ರಿಕೂಟ ದೇಗುಲವೊಂದರ ಶಾಸನ, ಕಂಪಿಲ ತನ್ನ ಹಿರಿಯರ ನೆನಪಿಗೆ ಅಲ್ಲಿ ಶಿವಲಿಂಗಗಳನ್ನು ಪ್ರತಿಷ್ಠಿಸಿದ್ದನ್ನು ಹೇಳುತ್ತದೆ. ಮನೆದೇವರು ಜಟ್ಟಿಂಗಿ ರಾಮೇಶ್ವರ. ಮಗನಿಗೆ, ಅಂದರೆ ಕುಮಾರರಾಮನಿಗೆ, ರಾಮನಾಥನೆಂದು ಹೆಸರಿಟ್ಟದ್ದು ಆ ದೇವರಿಂದಲೇ.

ದೆಹಲಿಯ ಮಹಮ್ಮದ್ ಬಿನ್ ತುಘಲಕ್‌ನ ವಿರುದ್ಧ ಬಂಡೆದ್ದ ಬಹಾವುದ್ದೀನ್ ಗುರ್ಷಾಸ್ಪ್ ಕಂಪಿಲನಲ್ಲಿ ಆಶ್ರಯ ಬೇಡಿದ. ಕಂಪಿಲ ಅವನನ್ನು ಒಪ್ಪಿಸಲಿಲ್ಲ. ಸುಮಾರು 1327ರಲ್ಲಿ ಸುಲ್ತಾನನ ಸೈನ್ಯ ರಾಜ್ಯವನ್ನು ನಾಶಮಾಡಿತು. ಪ್ರವಾಸಿ ಇಬ್ನ್ ಬತೂತ ಈ ಪತನದ ವೃತ್ತಾಂತವನ್ನು ಬರೆದಿದ್ದಾನೆ. ವಿಜಯನಗರ ಹುಟ್ಟಿದ್ದು ಈ ಅಳಿವಿನ ಬೆನ್ನಿಗೆ, ಇದೇ ನೆಲದಲ್ಲಿ.

ಕಾವ್ಯಪರಂಪರೆ ಈ ಕಥೆಯ ತಿರುಳನ್ನು ಅರಮನೆಯೊಳಗೆ ಹುಡುಕುತ್ತದೆ. ಚೆಂಡಾಟದಲ್ಲಿ ಚೆಂಡು ಚಿಕ್ಕತಾಯಿ ರತ್ನಾಜಿಯ ಮಹಡಿಗೆ ಬೀಳುತ್ತದೆ. ತರಲು ಹೋದ ರಾಮನನ್ನು ಅವಳು ಮೋಹಿಸುತ್ತಾಳೆ. ರಾಮ ಒಪ್ಪದಿದ್ದಾಗ ಅಪವಾದ ಹೊರಿಸುತ್ತಾಳೆ. ತಂದೆ ತಲೆ ತೆಗೆಯಲು ಆಜ್ಞೆ ಮಾಡುತ್ತಾನೆ. ಮಂತ್ರಿ ಬೈಚಪ್ಪ ರಾಮನನ್ನು ನೆಲಮಾಳಿಗೆಯಲ್ಲಿ ಅಡಗಿಸಿ ಬೇರೆ ತಲೆಯನ್ನು ತೋರಿಸುತ್ತಾನೆ. ದೆಹಲಿಯ ದಂಡು ಬಂದಾಗ ರಾಮ ಹೊರಬಂದು ಕಾದುತ್ತಾನೆ. ಕೊನೆಗೆ ಅವನನ್ನು ಕೊಲ್ಲುವುದು ಮಾತಂಗಿಯೆಂಬ ಹೆಣ್ಣು. 16ನೆಯ ಶತಮಾನದ ನಂಜುಂಡಕವಿ ಈ ಕಥೆಯನ್ನು ಸಾಂಗತ್ಯದಲ್ಲಿ ಬರೆದ. ಪಾಂಚಾಳ ಗಂಗನ ಚೆನ್ನರಾಮನ ಸಾಂಗತ್ಯವೂ ಇದೆ. ಪರನಾರಿ ಸಹೋದರನೆಂಬ ರಾಮನ ಬಿರುದು ಬರೆದ ಕಾವ್ಯ, ಹಾಡುಕಾವ್ಯ ಎರಡಕ್ಕೂ ಸಮಾನ. ಹಾಡುಗಾರರು ಬರೆದ ಕಾವ್ಯದಿಂದ ಪಡೆದರೋ, ಕವಿಗಳು ಹಾಡುಗಾರರಿಂದ ಕೇಳಿದರೋ ಎಂಬುದನ್ನು ಒಂದೇ ಮಾತಿನಲ್ಲಿ ತೀರ್ಮಾನಿಸಲಾಗದು. ಶತಮಾನಗಳ ಕಾಲ ಎರಡೂ ಅಕ್ಕಪಕ್ಕದಲ್ಲಿ ನಡೆದಿವೆ ಎನ್ನುವುದೇ ಹೆಚ್ಚು ಸರಿ.

ನೆನಪು ಮತ್ತು ಅಚ್ಚಿನ ಪಠ್ಯ

ಈರಮ್ಮನವರ ಕಾವ್ಯಗಳೆಲ್ಲ ಸೇರಿ ಸುಮಾರು 2 ಲಕ್ಷ ಸಾಲು, ಅಚ್ಚಿನಲ್ಲಿ 7,000 ಪುಟ ಆಗುತ್ತವೆಂದು ಹೇಳಲಾಗಿದೆ. ಈ ಸಂಖ್ಯೆಯನ್ನು ಎಚ್ಚರದಿಂದ ಬಳಸಬೇಕು. ಮೌಖಿಕ ಕಾವ್ಯಕ್ಕೆ ನಿಶ್ಚಿತ ಉದ್ದವಿಲ್ಲ. ಯುಗೊಸ್ಲಾವಿಯದ ಹಾಡುಗಾರರನ್ನು ಅಭ್ಯಾಸ ಮಾಡಿದ ಮಿಲ್ಮನ್ ಪ್ಯಾರಿ ಮತ್ತು ಆಲ್ಬರ್ಟ್ ಲಾರ್ಡ್ ತೋರಿಸಿಕೊಟ್ಟಂತೆ, ಇಂಥ ಹಾಡುಗಾರರು ಸಿದ್ಧಪಠ್ಯವನ್ನು ಬಾಯಿಪಾಠ ಒಪ್ಪಿಸುವುದಿಲ್ಲ. ಕಥೆಯ ಹಂದರ, ಪಳಗಿದ ನುಡಿಗಟ್ಟು, ವರ್ಣನೆಯ ಅಚ್ಚುಗಳನ್ನು ಇಟ್ಟುಕೊಂಡು ಪ್ರತಿ ಸಲವೂ ಕಾವ್ಯವನ್ನು ಹೊಸದಾಗಿ ಕಟ್ಟುತ್ತಾರೆ. ಕೇಳುವವರ ಹುರುಪು, ಇರುಳಿನ ಹೊತ್ತು ನೋಡಿ ಒಂದೇ ಯುದ್ಧ ಹಿಗ್ಗಬಹುದು, ಕುಗ್ಗಬಹುದು. ಆದ್ದರಿಂದ 2 ಲಕ್ಷ ಸಾಲು ಎನ್ನುವುದು ನೆನಪಿನ ಗಾತ್ರವನ್ನಷ್ಟೇ ಅಲ್ಲ, ಕಟ್ಟುವ ಶಕ್ತಿಯನ್ನೂ ಸೂಚಿಸುತ್ತದೆ.

1991ರಲ್ಲಿ ಸ್ಥಾಪನೆಯಾದ ಕನ್ನಡ ವಿಶ್ವವಿದ್ಯಾಲಯ ಮಂಟೇಸ್ವಾಮಿ, ಮಲೆಯ ಮಾದೇಶ್ವರ ಮೊದಲಾದ ಮೌಖಿಕ ಮಹಾಕಾವ್ಯಗಳನ್ನು ಸಂಗ್ರಹಿಸಿ ಪ್ರಕಟಿಸಿತು. ಈರಮ್ಮನವರ ಕೆಲವು ಕಾವ್ಯಗಳೂ ವಿದ್ವಾಂಸರ ಶ್ರಮದಿಂದ ಹೀಗೆ ಅಚ್ಚಿಗೆ ಬಂದವು. ಅಚ್ಚಾದದ್ದು ಒಂದು ಸಲದ ಹಾಡಿಕೆ ಮಾತ್ರ. ಮೇಳದವರ ಹೂಂಕಾರ, ವಾದ್ಯದ ಗತಿ, ಮಾತು ಹಾಡಾಗುವ ತಿರುವು ಪುಟದ ಮೇಲೆ ಅಷ್ಟಾಗಿ ಉಳಿಯುವುದಿಲ್ಲ.

ಗೌರವಗಳು

ರಾಜ್ಯೋತ್ಸವ ಪ್ರಶಸ್ತಿಯ (1999) ಜೊತೆಗೆ ಕರ್ನಾಟಕ ಸರ್ಕಾರದ ಜಾನಪದ ಶ್ರೀ ಪ್ರಶಸ್ತಿಯೂ ಇವರಿಗೆ ದೊರೆಯಿತು. ನಾಡೋಜ (2003) ವಿಶೇಷವಾಗಿ ಎಣಿಸಬೇಕಾದದ್ದು. ನಾಡೋಜ ಆದಿಕವಿ ಪಂಪನೊಂದಿಗೆ ಕೂಡಿಬಂದ ಬಿರುದು. ವಿಶ್ವವಿದ್ಯಾಲಯ ಅದನ್ನು ತನ್ನ ಗೌರವ ಪದವಿಯಾಗಿ ಕೊಡುತ್ತದೆ. ಹೆಬ್ಬೆಟ್ಟಿನ ಹಾಡುಗಾರ್ತಿಗೆ ಅದು ಸಂದದ್ದು, ಮೌಖಿಕ ಕಾವ್ಯವೂ ಸಾಹಿತ್ಯವೇ ಎಂಬ ನಿಲುವಿಗೆ ಸಂಸ್ಥೆಯೊಂದು ಕೊಟ್ಟ ಮನ್ನಣೆ.

ನಿಧನ

ಈರಮ್ಮ 2014ರ ಆಗಸ್ಟ್ 12ರಂದು, 84ನೆಯ ವಯಸ್ಸಿನ ಸುಮಾರಿಗೆ ನಿಧನರಾದರು.