ಕಡಲಿನ ಚಿತ್ರ, ಕಡಲಿನ ಚರಿತ್ರೆ



2018ರ ಮಾರ್ಚ್ ತಿಂಗಳಲ್ಲಿ ನಮ್ಮ ಜೋಗೇಶ್ವರಿಗೆ ಹತ್ತಿರದ ವರ್ಸೋವಾ ಕಡಲತೀರದಲ್ಲಿ ಆಲಿವ್ ರಿಡ್ಲಿ ಆಮೆಯ ಮರಿಗಳು ಮೊಟ್ಟೆಯೊಡೆದು ಬಂದು ನೀರಿಗಿಳಿದವು. ಆ ದೃಶ್ಯವನ್ನು ಟಿವಿಯಲ್ಲೋ ಮೊಬೈಲಿನಲ್ಲೋ ನೀವೂ ನೋಡಿರಬಹುದು. ಅಷ್ಟನ್ನೇ ನೋಡಿದರೆ ಅದು ಪ್ರಕೃತಿಯ ಚೆಲುವು. 2015ರಿಂದ ವಕೀಲ ಅಫ್ರೋಜ್ ಶಾ ಮತ್ತು ಸಂಗಡಿಗರು ಅದೇ ಮರಳಿನಿಂದ ಕಸ ಎತ್ತುತ್ತಿದ್ದ ದೃಶ್ಯವನ್ನು ಅದರ ಪಕ್ಕದಲ್ಲಿಟ್ಟು ನೋಡಿ. ಆಮೆಮರಿಯ ಕಥೆಯೊಳಗೆ ಮನುಷ್ಯನೂ ಬಂದುಬಿಡುತ್ತಾನೆ.

ಇದ್ದ ಚಿತ್ರಗಳನ್ನೇ ಹೀಗೆ ಹೊಸದಾಗಿ ಜೋಡಿಸುವುದು ವಿಡಿಯೋ ಕಲೆಯ ಒಂದು ದಾರಿ. ಕಡಲಜೀವಿಗಳ ಚಿತ್ರಣಕ್ಕೆ ದೊಡ್ಡ ಇತಿಹಾಸವೇ ಇದೆ. ಫ್ರಾನ್ಸಿನ ಜಾನ್ ಪೆನ್ಲೆವೆ 1934ರಲ್ಲೇ ಕಡಲಕುದುರೆಯ ಬಗ್ಗೆ ಚಿತ್ರ ಮಾಡಿ, ಗಂಡು ಕಡಲಕುದುರೆ ಮರಿಹಾಕುವುದನ್ನು ಜನರಿಗೆ ತೋರಿಸಿದ. ಮುಂದೆ ಟಿವಿ ಬಂತು. ತಿಮಿಂಗಿಲ, ಡಾಲ್ಫಿನ್‌ಗಳು ಮನೆಯೊಳಗೇ ಈಜಿದವು. ಆದರೆ ಆ ಕಡಲಿನಲ್ಲಿ ಮನುಷ್ಯರು ಕಾಣುವುದು ಅಪರೂಪ.

ಘಾನಾದಲ್ಲಿ ಹುಟ್ಟಿದ ಬ್ರಿಟಿಷ್ ಕಲಾವಿದ ಜಾನ್ ಅಕೊಮ್‌ಫ್ರಾ ಕೈಹಾಕಿದ್ದು ಇಲ್ಲಿಗೇ. 2015ರ ವೆನಿಸ್ ಬಿಯೆನಾಲೆಯಲ್ಲಿ ಪ್ರದರ್ಶನಗೊಂಡ ಅವರ ‘ವರ್ಟಿಗೋ ಸೀ’ 48 ನಿಮಿಷದ ಕೃತಿ, ಪರದೆಗಳು ಮೂರು. ಬಿಬಿಸಿಯ ನಿಸರ್ಗ ವಿಭಾಗದ ಕಡಲ ದೃಶ್ಯಗಳ ಮಗ್ಗುಲಲ್ಲೇ ತಿಮಿಂಗಿಲ ಬೇಟೆಯ ಹಳೆಯ ಚಿತ್ರಗಳು, ಗುಲಾಮರನ್ನು ಸಾಗಿಸಿದ ಹಡಗುಗಳ ನೆನಪು, ದೋಣಿಯೇರಿ ದೇಶ ಬಿಟ್ಟವರ ಪಾಡು. ಅದೇ ನೀಲಿ ನೀರು, ಆದರೆ ಈಗ ಅದನ್ನು ನೋಡಿ ಸುಮ್ಮನೆ ಆಹಾ ಎನ್ನಲಾಗುವುದಿಲ್ಲ.

ನಮ್ಮ ಮುಂಬಯಿಯ ‘ಕ್ಯಾಂಪ್’ ತಂಡದ ಶೈನಾ ಆನಂದ್, ಅಶೋಕ್ ಸುಕುಮಾರನ್ ಇದಕ್ಕೂ ಮೊದಲೇ, 2013ರಲ್ಲಿ, ‘ಫ್ರಮ್ ಗಲ್ಫ್ ಟು ಗಲ್ಫ್ ಟು ಗಲ್ಫ್’ ಮಾಡಿದ್ದರು. ಕಛ್ ಕಡೆಯ ಮರದ ಹಡಗುಗಳಲ್ಲಿ ಶಾರ್ಜಾ, ಸೋಮಾಲಿಯಾಗಳಿಗೆ ಸರಕು ಒಯ್ಯುವ ನಾವಿಕರು ತಮ್ಮ ಫೋನುಗಳಲ್ಲಿ ತಾವೇ ತೆಗೆದ ತುಣುಕುಗಳು ಅದರ ಜೀವಾಳ. ತುಣುಕುಗಳಿಗೆ ನಾವಿಕರು ಜೋಡಿಸಿದ್ದ ಹಾಡುಗಳನ್ನು ಹಾಗೆಯೇ ಉಳಿಸಿಕೊಂಡಿದ್ದಾರೆ. ಧ್ವನಿಯನ್ನೇ ನಂಬಿ ಬದುಕುವ ನನಗೆ ಇದು ಬಹಳ ಹಿಡಿಸಿತು. ಕಡಲಿನ ಕಥೆಯನ್ನು ಕಡಲಿನವರೇ, ತಮ್ಮ ಹಾಡಿನೊಂದಿಗೆ ಹೇಳಿದ್ದಾರೆ.

ಕೇಳುಗರೇ, ನಮ್ಮ ಕರಾವಳಿಯ ಹಿರಿಯರಲ್ಲಿ ಅನೇಕರು ಮಂಗಳೂರಿನಿಂದ ಹಡಗು ಹತ್ತಿ ಮುಂಬಯಿಗೆ ಬಂದವರು. ಅಂದು ಅವರ ಕೈಯಲ್ಲಿ ಕ್ಯಾಮರಾ ಎಲ್ಲಿತ್ತು? ಅಂಥವರು ನಿಮ್ಮ ಮನೆಯಲ್ಲಿದ್ದರೆ ಈ ಭಾನುವಾರ ಹತ್ತಿರ ಕೂತು ಮಾತಾಡಿಸಿ, ಫೋನಿನಲ್ಲಿ ದಾಖಲಿಸಿಕೊಳ್ಳಿ. ಯಾವ ವರ್ಷ, ಯಾವ ಹಡಗು, ದಾರಿಯಲ್ಲಿ ಏನು ಕಂಡರು, ಯಾವ ಹಾಡು ಹೇಳಿಕೊಂಡರು ಎಂದು ಕೇಳಿ. ಹೆಸರು, ತಾರೀಕು ಬರೆದಿಡಲು ಮಾತ್ರ ಮರೆಯಬೇಡಿ.